ಲೆಕ್ಕ ತಪ್ಪದ ಅಸಂಬದ್ಧ: ಸುಕುಮಾರ್ ರಾಯ್ ಅವರ ಬದುಕು ಮತ್ತು ಮಕ್ಕಳ ಕಥೆಗಳು

ಪ್ರಶ್ನೆ: ನಾನು ಪ್ರೌಢಶಾಲೆಯಲ್ಲಿ ಕನ್ನಡ ಪಾಠ ಮಾಡುತ್ತೇನೆ. ಗ್ರಂಥಾಲಯದ ಅವಧಿಯಲ್ಲಿ ಮಕ್ಕಳಿಗೆ ಬೇರೆ ಭಾರತೀಯ ಭಾಷೆಗಳ ಕಥೆಗಳನ್ನು ಓದಿ ಹೇಳುವ ಅಭ್ಯಾಸ ಇಟ್ಟುಕೊಂಡಿದ್ದೇನೆ. ಸತ್ಯಜಿತ್ ರಾಯ್ ಅವರ ಫೆಲೂದಾ ಎಂಬ ಪತ್ತೇದಾರನ ಕಥೆಗಳು ಮುಗಿದ ಮೇಲೆ, ಅವರ ತಂದೆ ಸುಕುಮಾರ್ ರಾಯ್ ಬಂಗಾಳದ ಮಕ್ಕಳಿಗೆ ಇನ್ನೂ ಹತ್ತಿರದ ಲೇಖಕರು ಎಂದು ತಿಳಿಯಿತು. ಅವರ ಬದುಕು, ಬರವಣಿಗೆಗಳ ಬಗ್ಗೆ ವಿವರವಾಗಿ ತಿಳಿಸುವಿರಾ? ಅವರ ಹಾಸ್ಯ ‘ಆಲಿಸ್ ಇನ್ ವಂಡರ್‌ಲ್ಯಾಂಡ್’ ಬರೆದ ಇಂಗ್ಲಿಷಿನ ಲೂಯಿಸ್ ಕೆರೊಲ್ ಅವರ ಅನುಕರಣೆ ಎಂಬ ಮಾತು ಎಷ್ಟು ನಿಜ? ನಮ್ಮ ಮಕ್ಕಳಿಗೆ ಯಾವುದರಿಂದ ಆರಂಭಿಸಬೇಕು?

ಉತ್ತರ: ಸುಕುಮಾರ್ ರಾಯ್ ಹುಟ್ಟಿದ್ದು 1887ರ ಅಕ್ಟೋಬರ್ 30ರಂದು, ತೀರಿಕೊಂಡದ್ದು 1923ರ ಸೆಪ್ಟೆಂಬರ್ 10ರಂದು. ಮೂವತ್ತಾರು ವರ್ಷ ತುಂಬುವ ಮೊದಲೇ ಮುಗಿದುಹೋದ ಈ ಬದುಕಿನಲ್ಲಿ ಅವರು ಮಕ್ಕಳಿಗಾಗಿ ಎಡೆಬಿಡದೆ ಬರೆದದ್ದು ಕೊನೆಯ ಹತ್ತು ವರ್ಷಗಳಲ್ಲಿ ಮಾತ್ರ. ಅಷ್ಟರಲ್ಲೇ ಅವರು ಬಂಗಾಳಿಯ ಮಕ್ಕಳ ಹಾಸ್ಯಕ್ಕೆ ಹಿಂದೆ ಇಲ್ಲದಿದ್ದ ಒಂದು ದಾರಿಯನ್ನು ಕೊಟ್ಟು ಹೋದರು. ಅವರನ್ನು ಪರಿಚಯಿಸುವವರು ಸಾಮಾನ್ಯವಾಗಿ ಅವರ ಕಲ್ಪನೆಯ ಸ್ವೈರತೆಯನ್ನು ಹೊಗಳುತ್ತಾರೆ. ನನ್ನ ದೃಷ್ಟಿಯಲ್ಲಿ ಅವರ ನಿಜವಾದ ಶಕ್ತಿ ಇರುವುದು ಅವರ ನಿಖರತೆಯಲ್ಲಿ. ವಿಜ್ಞಾನ ಓದಿದ, ಅಚ್ಚುಕೂಟದಲ್ಲಿ ಬೆಳೆದ, ಅಳತೆ ಮತ್ತು ಲೆಕ್ಕಗಳನ್ನೇ ವೃತ್ತಿ ಮಾಡಿಕೊಂಡಿದ್ದ ಒಬ್ಬ ಮನುಷ್ಯ ಅದೇ ಅಳತೆ, ಅದೇ ಲೆಕ್ಕವನ್ನು ತಲೆಕೆಳಗು ಮಾಡಿ ಬರೆದ ಕಥೆಗಳು ಇವು. ಆದುದರಿಂದ ಅವರ ಬದುಕನ್ನು ಮನೆಯಿಂದ, ಮನೆಯಲ್ಲಿದ್ದ ಮುದ್ರಣ ಯಂತ್ರದಿಂದಲೇ ಆರಂಭಿಸಬೇಕಾಗುತ್ತದೆ.

ತಂದೆ ಉಪೇಂದ್ರಕಿಶೋರ್ ರಾಯ್‌ಚೌಧುರಿಯವರು ಇಂದಿನ ಬಾಂಗ್ಲಾದೇಶಕ್ಕೆ ಸೇರಿದ ಮೈಮನ್‌ಸಿಂಗ್ ಸೀಮೆಯ ಮಸೂಯಾ ಗ್ರಾಮದ ಮನೆತನದವರು. ಕಲ್ಕತ್ತೆಯಲ್ಲಿ ನೆಲೆಸಿ ಬ್ರಹ್ಮ ಸಮಾಜವನ್ನು ಸೇರಿದವರು. ಚಿತ್ರಕಾರರು, ಪಿಟೀಲುವಾದಕರು, ಮಕ್ಕಳಿಗಾಗಿ ರಾಮಾಯಣ, ಮಹಾಭಾರತಗಳನ್ನು ಮತ್ತು ಹಳ್ಳಿಯ ಅಜ್ಜಿಯರ ಬಾಯಲ್ಲಿದ್ದ ಕಥೆಗಳನ್ನು ಬರೆದವರು. ಸತ್ಯಜಿತ್ ರಾಯ್ ಮುಂದೆ ಚಲನಚಿತ್ರವಾಗಿಸಿದ ಗೂಪಿ ಮತ್ತು ಬಾಘಾ ಎಂಬ ಹಾಡುಗಾರ, ವಾದ್ಯಗಾರರ ಕಥೆ ಈ ತಾತನದೇ. ತಮ್ಮ ಮಕ್ಕಳ ರಾಮಾಯಣಕ್ಕೆ ತಾವೇ ಬರೆದ ಚಿತ್ರಗಳು ಅಂದಿನ ಮರದ ಅಚ್ಚಿನಲ್ಲಿ ಕೆಟ್ಟು ಹೋದುದನ್ನು ಕಂಡು ನೊಂದ ಅವರು ಇಂಗ್ಲೆಂಡಿನಿಂದ ಯಂತ್ರ, ಪುಸ್ತಕಗಳನ್ನು ತರಿಸಿಕೊಂಡು ಹಾಫ್‌ಟೋನ್ ಮುದ್ರಣವನ್ನು ತಾವಾಗಿಯೇ ಕಲಿತರು. ಛಾಯಾಚಿತ್ರದಲ್ಲಿರುವ ಬೂದು ಬಣ್ಣದ ಬಗೆಬಗೆಯ ಛಾಯೆಗಳನ್ನು ಮಸಿಯ ಅಚ್ಚಿನಲ್ಲಿ ಹಾಗೆಯೇ ತರಲು ಬರುವುದಿಲ್ಲ. ಸೂಕ್ಷ್ಮ ಗೆರೆಗಳನ್ನು ಕೊರೆದ ಗಾಜಿನ ಪರದೆಯ ಮೂಲಕ ಚಿತ್ರವನ್ನು ಹಾಯಿಸಿ, ಅದನ್ನು ದೊಡ್ಡ ಚಿಕ್ಕ ಚುಕ್ಕೆಗಳಾಗಿ ಒಡೆಯಬೇಕು. ಪರದೆಗೂ ಫಲಕಕ್ಕೂ ನಡುವಣ ದೂರ ಎಷ್ಟಿರಬೇಕು, ಮಸೂರದ ಮುಂದಿನ ಕಿಂಡಿಯ ಆಕಾರ ಹೇಗಿರಬೇಕು ಎಂಬುದನ್ನು ಯುರೋಪಿನ ಕುಶಲಕರ್ಮಿಗಳು ಬಹುಮಟ್ಟಿಗೆ ಅನುಭವದಿಂದ ಊಹಿಸುತ್ತಿದ್ದ ಕಾಲದಲ್ಲಿ ಉಪೇಂದ್ರಕಿಶೋರರು ಅದಕ್ಕೆ ಗಣಿತದ ನಿಯಮಗಳನ್ನು ಕಟ್ಟಿ, ಬ್ರಿಟನ್ನಿನ ಮುದ್ರಣ ವಾರ್ಷಿಕವಾದ ಪೆನ್ರೋಸ್‌ನಲ್ಲಿ ಪ್ರಬಂಧಗಳನ್ನು ಪ್ರಕಟಿಸಿದರು. ಮಗನು ಕಣ್ಣು ಬಿಟ್ಟದ್ದು ಇಂಥ ಮನೆಯಲ್ಲಿ. ಊಟದ ಹೊತ್ತಿನಲ್ಲಿ ಪುರಾಣದ ರಾಕ್ಷಸರೂ ಗಾಜಿನ ಪರದೆಯ ಗೆರೆಗಳ ಲೆಕ್ಕವೂ ಒಟ್ಟೊಟ್ಟಿಗೇ ಮಾತಿಗೆ ಬರುತ್ತಿದ್ದ ಮನೆ ಅದಾಗಿದ್ದಿರಬೇಕು.

ತಾಯಿ ವಿಧುಮುಖಿಯವರು ಸಮಾಜ ಸುಧಾರಕ ದ್ವಾರಕಾನಾಥ ಗಂಗೂಲಿಯವರ ಮಗಳು. ದ್ವಾರಕಾನಾಥರ ಎರಡನೆಯ ಪತ್ನಿ ಕಾದಂಬಿನಿ ಗಂಗೂಲಿ, ಭಾರತದ ಮೊದಲ ಮಹಿಳಾ ಪದವೀಧರರಲ್ಲಿ ಮತ್ತು ಮೊದಲ ಮಹಿಳಾ ವೈದ್ಯರಲ್ಲಿ ಒಬ್ಬರು. ಸುಕುಮಾರರ ಬಾಲ್ಯದಲ್ಲಿ ಎರಡೂ ಸಂಸಾರಗಳು ಕಾರ್ನ್‌ವಾಲಿಸ್ ಬೀದಿಯ ಒಂದೇ ಮನೆಯಲ್ಲಿದ್ದವು. ರವೀಂದ್ರನಾಥ ಠಾಕೂರರು ಮನೆಯ ಆತ್ಮೀಯರು. ಅವರ ‘ರಾಜರ್ಷಿ’ ಕಾದಂಬರಿಯ ಇಬ್ಬರು ಮಕ್ಕಳಾದ ಹಾಸಿ ಮತ್ತು ತಾತಾ ಎಂಬ ಹೆಸರುಗಳೇ ಅಕ್ಕ ಸುಖಲತಾ ಮತ್ತು ತಮ್ಮ ಸುಕುಮಾರರಿಗೆ ಮನೆಯ ಮುದ್ದಿನ ಹೆಸರುಗಳಾದವು.

ತಂಗಿ ಪುಣ್ಯಲತಾ ಚಕ್ರವರ್ತಿಯವರು ಬಾಲ್ಯದ ದಿನಗಳನ್ನು ಕುರಿತು ಬರೆದ ಪುಸ್ತಕದಲ್ಲಿ ಎರಡು ಸಂಗತಿಗಳು ಬರುತ್ತವೆ; ಅಣ್ಣನ ಮುಂದಿನ ಬರವಣಿಗೆಯ ಗುಟ್ಟು ಅವುಗಳಲ್ಲೇ ಇದೆಯೆಂದು ನಾನು ನಂಬುತ್ತೇನೆ. ಒಂದು, ತಂದೆಯ ಬಳಿಯಿದ್ದ ಪ್ರಾಣಿಗಳ ಸಚಿತ್ರ ಪುಸ್ತಕವನ್ನು ತೆರೆದು ಚಿಕ್ಕವರಿಗೆ ಕಥೆ ಹೇಳುತ್ತಿದ್ದ ಸುಕುಮಾರ, ಚಿತ್ರದಲ್ಲಿದ್ದ ಪ್ರಾಣಿಗಳು ಮುಗಿದ ಮೇಲೆ ತಾನೇ ಹುಟ್ಟಿಸಿದ ಭವಂದೋಲಾ ಮುಂತಾದ ವಿಚಿತ್ರ ಜೀವಿಗಳ ನಡೆನುಡಿಗಳನ್ನು ವರ್ಣಿಸುತ್ತಿದ್ದ. ಎರಡು, ಯಾರ ಮೇಲಾದರೂ ಸಿಟ್ಟು ಬಂದಾಗ ಮಕ್ಕಳೆಲ್ಲ ಸೇರಿ ‘ಸಿಟ್ಟು ಕಟ್ಟುವ’ ಆಟವಾಡುತ್ತಿದ್ದರು: ಆ ಮನುಷ್ಯನಿಗೆ ಏನೇನು ನಗೆಪಾಟಲು ಒದಗಬಹುದು ಎಂದು ಒಬ್ಬರಾದ ಮೇಲೊಬ್ಬರು ಕಲ್ಪಿಸುತ್ತಾ ಹೋಗಬೇಕು, ಆದರೆ ಅದರಲ್ಲಿ ದ್ವೇಷವಾಗಲಿ ಕೇಡು ಬಯಸುವುದಾಗಲಿ ಇರಕೂಡದು. ಕಥೆ ಬೆಳೆಯುತ್ತಿದ್ದಂತೆ ಸಿಟ್ಟು ನಗೆಯಲ್ಲಿ ಕರಗಿಹೋಗುತ್ತಿತ್ತು. ದೊಡ್ಡವನಾದ ಮೇಲೆ ಸುಕುಮಾರರು ನ್ಯಾಯಾಲಯ, ಕಚೇರಿ, ಪಂಡಿತರು, ದೊಡ್ಡ ಬಾಬುಗಳು ಇವರೆಲ್ಲರನ್ನೂ ನಗೆಗೆ ಗುರಿಮಾಡಿದಾಗ ಪಾಲಿಸಿದ್ದು ಇದೇ ಕಟ್ಟಳೆಯನ್ನು. ಎಂಟನೆಯ ವಯಸ್ಸಿನಲ್ಲಿ ಅವರ ಮೊದಲ ಪದ್ಯ, ಶಿವನಾಥ ಶಾಸ್ತ್ರಿಯವರು ನಡೆಸುತ್ತಿದ್ದ ‘ಮುಕುಲ’ ಎಂಬ ಮಕ್ಕಳ ಪತ್ರಿಕೆಯಲ್ಲಿ ಅಚ್ಚಾಯಿತು.

1906ರಲ್ಲಿ ಕಲ್ಕತ್ತೆಯ ಪ್ರೆಸಿಡೆನ್ಸಿ ಕಾಲೇಜಿನಿಂದ ಭೌತವಿಜ್ಞಾನ ಮತ್ತು ರಸಾಯನ ವಿಜ್ಞಾನಗಳೆರಡರಲ್ಲಿಯೂ ಆನರ್ಸ್ ಪಡೆದು ಪದವೀಧರರಾದರು. ಅದೇ ಸುಮಾರಿಗೆ ಗೆಳೆಯರು, ಬಂಧುಗಳನ್ನು ಕೂಡಿಸಿಕೊಂಡು ‘ನಾನ್‌ಸೆನ್ಸ್ ಕ್ಲಬ್’ ಎಂಬ ಕೂಟವನ್ನು ಕಟ್ಟಿದರು. ಅದಕ್ಕೊಂದು ಕೈಬರಹದ ಪತ್ರಿಕೆ. ಹೆಸರು ‘ಸಾಡೇ ಬತ್ರಿಶ್ ಭಾಜಾ’, ಅಂದರೆ ಮೂವತ್ತೆರಡೂವರೆ ಬಗೆಯ ಕುರುಕಲು. ಕೂಟದ ಸದಸ್ಯರು ಆಡಲೆಂದು ಅವರು ಬರೆದ ನಾಟಕಗಳಲ್ಲಿ ‘ಲಕ್ಷ್ಮಣೇರ್ ಶಕ್ತಿಶೇಲ್’ ಇಂದಿಗೂ ಬಂಗಾಳದ ರಂಗದ ಮೇಲೆ ಜೀವಂತವಾಗಿದೆ. ರಾಮಾಯಣದ ಯುದ್ಧಭೂಮಿಯಲ್ಲಿ ವೀರರು ನಮ್ಮ ನಿಮ್ಮಂತೆ ಸೋಮಾರಿಗಳೂ ಪುಕ್ಕಲರೂ ತಿಂಡಿಪೋತರೂ ಆಗಿ ಓಡಾಡುವ ಈ ನಾಟಕದಲ್ಲಿ ಪುರಾಣವನ್ನು ಅವಮಾನಿಸುವ ಉದ್ದೇಶ ಎಲ್ಲಿಯೂ ಕಾಣುವುದಿಲ್ಲ. ನಮ್ಮ ಯಕ್ಷಗಾನದ ಹಾಸ್ಯಗಾರ ರಾಜನೆದುರು ನಿಂತು ಆಡುವ ಮಾತುಗಳನ್ನು ಕೇಳಿ ಬೆಳೆದ ಕನ್ನಡಿಗರಿಗೆ ಈ ಸಲಿಗೆ ಹೊಸತೆನಿಸಲಾರದು.

1911ರಲ್ಲಿ ಗುರುಪ್ರಸನ್ನ ಘೋಷ್ ವಿದ್ಯಾರ್ಥಿವೇತನದ ಮೇಲೆ ಇಂಗ್ಲೆಂಡಿಗೆ ಹೋದ ಸುಕುಮಾರರು ಮೊದಲು ಲಂಡನ್ನಿನಲ್ಲಿ, ಆಮೇಲೆ ಮ್ಯಾಂಚೆಸ್ಟರಿನಲ್ಲಿ ಛಾಯಾಗ್ರಹಣ ಮತ್ತು ಮುದ್ರಣ ತಂತ್ರಗಳನ್ನು ಕಲಿತರು. ಅವರ ಪ್ರಬಂಧಗಳೂ ಪೆನ್ರೋಸ್ ವಾರ್ಷಿಕದಲ್ಲಿ ಬಂದವು. ಅವುಗಳಲ್ಲೊಂದು, ಮುದ್ರಣಕ್ಕೆ ಬರುವ ಮೂಲ ಚಿತ್ರಗಳನ್ನು ಒಂದು ಪ್ರಮಾಣಕ್ಕೆ ಒಳಪಡಿಸುವುದು ಹೇಗೆ ಎಂಬುದನ್ನು ಕುರಿತದ್ದು. ಈ ವಿಷಯವನ್ನು ದಯವಿಟ್ಟು ನೆನಪಿನಲ್ಲಿಡಿ. ಅವರ ಕಥೆಗಳಿಗೆ ಬಂದಾಗ ಬೇಕಾಗುತ್ತದೆ. 1912ರಲ್ಲಿ ಠಾಕೂರರು ಲಂಡನ್ನಿಗೆ ಬಂದಾಗ ಅಲ್ಲಿಯ ಸಾಹಿತಿಗಳ ನಡುವೆ ಅವರ ಕಾವ್ಯವನ್ನು ಪರಿಚಯಿಸಲು ಶ್ರಮಿಸಿದವರಲ್ಲಿ ಈ ಯುವಕನೂ ಒಬ್ಬ. ನೊಬೆಲ್ ಪ್ರಶಸ್ತಿಯ ಸುದ್ದಿ ಬರುವುದಕ್ಕೆ ಮೊದಲೇ ಸುಕುಮಾರರು ಠಾಕೂರರನ್ನು ಕುರಿತು ಇಂಗ್ಲಿಷಿನಲ್ಲಿ ಉಪನ್ಯಾಸ ಕೊಟ್ಟಿದ್ದರು. 1913ರಲ್ಲಿ ಊರಿಗೆ ಮರಳಿ ಅದೇ ವರ್ಷದ ಕೊನೆಗೆ ಸುಪ್ರಭಾ ದಾಸ್ ಅವರನ್ನು ವಿವಾಹವಾದರು.

ಅವರು ಇಂಗ್ಲೆಂಡಿನಲ್ಲಿದ್ದಾಗಲೇ, 1913ರ ಬೇಸಿಗೆಯಲ್ಲಿ, ತಂದೆ ‘ಸಂದೇಶ’ ಎಂಬ ಮಕ್ಕಳ ಮಾಸಪತ್ರಿಕೆಯನ್ನು ಆರಂಭಿಸಿದ್ದರು. ಬರಹ, ಚಿತ್ರ, ಬ್ಲಾಕ್, ಅಚ್ಚು ಎಲ್ಲವೂ ಮನೆಯವರದೇ. ಗಡಪಾರ್ ರಸ್ತೆಯ 100ನೆಯ ಸಂಖ್ಯೆಯ ಮನೆಯಲ್ಲಿ ಸಂಸಾರವೂ ಯು. ರಾಯ್ ಅಂಡ್ ಸನ್ಸ್ ಸಂಸ್ಥೆಯ ಅಚ್ಚುಕೂಟವೂ ಒಂದೇ ಸೂರಿನಡಿ ಇದ್ದವು. 1915ರ ಡಿಸೆಂಬರಿನಲ್ಲಿ ಉಪೇಂದ್ರಕಿಶೋರರು ತೀರಿಕೊಂಡಾಗ ಇಪ್ಪತ್ತೆಂಟು ವರ್ಷದ ಮಗನ ಮೇಲೆ ಪತ್ರಿಕೆಯ ಸಂಪಾದಕತ್ವವೂ ವ್ಯವಹಾರದ ಹೊಣೆಯೂ ಬಿದ್ದವು. ಅವರ ಕಥೆಗಳಲ್ಲಿ ಬಹುಪಾಲು ಹೊರಬಂದದ್ದು ಈ ಹೊಣೆಯ ಒತ್ತಡದಿಂದ. ತಿಂಗಳ ಸಂಚಿಕೆಯಲ್ಲಿ ಎರಡು ಪುಟ ಖಾಲಿ ಉಳಿದರೆ ಅದನ್ನು ತುಂಬಬೇಕಾದವರು ಸಂಪಾದಕರೇ. ಒಂದು ತಿಂಗಳು ಜಲಾಂತರ್ಗಾಮಿ ನೌಕೆಯ ಬಗ್ಗೆ ಲೇಖನ, ಮತ್ತೊಂದು ತಿಂಗಳು ಪದ್ಯ, ಇನ್ನೊಂದು ತಿಂಗಳು ಶಾಲೆಯ ಕಥೆ. ವಿಜ್ಞಾನವನ್ನು ಮಕ್ಕಳಿಗೆ ಬಿಡಿಸಿ ಹೇಳಿದ ಅವರ ಲೇಖನಗಳು ಕಥೆಗಳಷ್ಟೇ ಸೊಗಸಾಗಿವೆ. ಅವು ಇಷ್ಟು ಕಡಿಮೆ ಓದಿಸಿಕೊಳ್ಳುತ್ತಿರುವುದು ನನಗೆ ಬೇಸರದ ಸಂಗತಿ. ಈ ನಡುವೆಯೇ ಸೋಮವಾರಗಳಂದು ಅವರ ಗೆಳೆಯರ ಕೂಟ ಸೇರುತ್ತಿತ್ತು: ಭಾಷಾಶಾಸ್ತ್ರಜ್ಞ ಸುನೀತಿಕುಮಾರ್ ಚಟರ್ಜಿ, ಸಂಖ್ಯಾಶಾಸ್ತ್ರಜ್ಞ ಪ್ರಶಾಂತಚಂದ್ರ ಮಹಾಲನೋಬಿಸ್, ಕವಿ ಸತ್ಯೇಂದ್ರನಾಥ ದತ್ತ ಮುಂತಾದವರಿದ್ದ ಆ ಕೂಟದಲ್ಲಿ ಪ್ಲೇಟೋನಿಂದ ಹಿಡಿದು ತಿಂಡಿತಿನಿಸಿನವರೆಗೆ ಎಲ್ಲವೂ ನಡೆಯುತ್ತಿತ್ತು, ಆಮಂತ್ರಣ ಪತ್ರಗಳನ್ನು ಸುಕುಮಾರರು ಪದ್ಯದಲ್ಲಿ ಬರೆಯುತ್ತಿದ್ದರು.

ಇನ್ನು ಕಥೆಗಳ ವಿಷಯ. ಅವರ ಗದ್ಯದ ಶಿಖರವೆಂದು ನಾನು ಹೇಳುವುದು ‘ಹ ಯ ವ ರ ಲ’ವನ್ನು, ಬಂಗಾಳಿಗರ ಉಚ್ಚಾರದಲ್ಲಿ ‘ಹ ಜ ಬ ರ ಲ’. ವರ್ಣಮಾಲೆಯ ಅಕ್ಷರಗಳನ್ನು ಹಿಂದು ಮುಂದು ಮಾಡಿದ ಈ ಮಾತನ್ನು ಬಂಗಾಳಿಗರು ಕಲಸುಮೇಲೋಗರಕ್ಕೆ ಬಳಸುತ್ತಾರೆ. 1920ರ ದಶಕದ ಆರಂಭದಲ್ಲಿ ‘ಸಂದೇಶ’ದಲ್ಲಿ ಕಂತುಗಳಾಗಿ ಬಂದ ಈ ಕಥೆ ಲೇಖಕರ ಮರಣಾನಂತರ ಪುಸ್ತಕವಾಯಿತು. ಬೇಸಿಗೆಯ ಮಧ್ಯಾಹ್ನ ಮರದ ನೆರಳಿನಲ್ಲಿ ಮಲಗಿರುವ ಹುಡುಗ ಬೆವರು ಒರೆಸಿಕೊಳ್ಳಲೆಂದು ಹುಲ್ಲಿನ ಮೇಲಿದ್ದ ಕರವಸ್ತ್ರಕ್ಕೆ ಕೈ ಹಾಕುತ್ತಾನೆ. ಕರವಸ್ತ್ರ ‘ಮಿಯಾಂವ್’ ಎನ್ನುತ್ತದೆ. ಅದು ಬೆಕ್ಕಾಗಿದೆ. ಹುಡುಗ ಬೆರಗಾದರೆ ಬೆಕ್ಕು, ಮೊಟ್ಟೆ ಇದ್ದದ್ದು ಬಾತುಕೋಳಿಯಾಗುವುದಿಲ್ಲವೇ, ಇದರಲ್ಲಿ ಏನು ವಿಶೇಷ ಎಂದು ಕೇಳುತ್ತದೆ.

ಮುಂದೆ ಬರುವುದು ಕಾಕೇಶ್ವರ ಕುಚ್‌ಕುಚೆ ಎಂಬ ಕಾಗೆ. ಅದು ಮರದ ಮೇಲೆ ಹಲಗೆ ಬಳಪ ಹಿಡಿದು ಲೆಕ್ಕ ಮಾಡುವ ಗುಮಾಸ್ತ. ಏಳೆರಡ್ಲಿ ಎಷ್ಟು ಎಂಬ ಲೆಕ್ಕದಲ್ಲಿ ನಾಲ್ಕನ್ನು ಕೆಳಗಿಳಿಸಿದರೆ ಕೈಯಲ್ಲಿ ಉಳಿಯುವುದು ಪೆನ್ಸಿಲ್ ಎಂದು ಅದು ತೀರ್ಮಾನಿಸುತ್ತದೆ. ಏಳೆರಡ್ಲಿ ಹದಿನಾಲ್ಕೇ ಅಲ್ಲವೇ ಎಂದು ಹುಡುಗ ಹೇಳಿದರೆ, ನೀನು ಹೇಳಿದ ಹೊತ್ತಿಗೆ ಇನ್ನೂ ಪೂರ್ತಿ ಹದಿನಾಲ್ಕಾಗಿರಲಿಲ್ಲ, ಆಗ ಅದು ಹದಿಮೂರು ರೂಪಾಯಿ ಹದಿನಾಲ್ಕು ಆಣೆ ಮೂರು ಪೈ ಇತ್ತು. ಸರಿಯಾದ ಕ್ಷಣ ನೋಡಿ ನಾನು 14 ಎಂದು ಬರೆಯದೆ ಹೋಗಿದ್ದರೆ ಇಷ್ಟು ಹೊತ್ತಿಗೆ ಅದು ಹದಿನಾಲ್ಕು ರೂಪಾಯಿ ಒಂದು ಆಣೆ ಒಂಬತ್ತು ಪೈ ಆಗಿಬಿಡುತ್ತಿತ್ತು ಎಂದು ಕಾಗೆ ವಿವರಿಸುತ್ತದೆ. ಈಗ ಹಳೆಯ ಲೆಕ್ಕವನ್ನು ಬಲ್ಲ ಹಿರಿಯರೊಬ್ಬರನ್ನು ಕೂರಿಸಿಕೊಂಡು ನೋಡಿ. ಹನ್ನೆರಡು ಪೈ ಒಂದು ಆಣೆ, ಹದಿನಾರು ಆಣೆ ಒಂದು ರೂಪಾಯಿ. ಮೊದಲ ಮೊತ್ತಕ್ಕೆ ಹದಿನಾಲ್ಕು ರೂಪಾಯಿ ತುಂಬಲು ಬೇಕಾದದ್ದು ಒಂದು ಆಣೆ ಒಂಬತ್ತು ಪೈ. ಎರಡನೆಯ ಮೊತ್ತ ಹದಿನಾಲ್ಕನ್ನು ದಾಟಿರುವುದೂ ಸರಿಯಾಗಿ ಒಂದು ಆಣೆ ಒಂಬತ್ತು ಪೈ. ಹದಿನಾಲ್ಕರ ಎರಡೂ ಕಡೆಗೆ ಒಂದೇ ಅಂತರ. ಬೇರೆ ಯಾವ ಹಾಸ್ಯಗಾರನಾದರೂ ಬಾಯಿಗೆ ಬಂದ ಆಣೆ ಪೈಗಳನ್ನು ಬರೆದು ಮುಂದೆ ಹೋಗುತ್ತಿದ್ದ. ಓದುವ ಮಗುವೂ ಅದನ್ನು ಎಣಿಸುತ್ತಿರಲಿಲ್ಲ. ಸುಕುಮಾರರು ಎಣಿಸಿದ್ದಾರೆ. ಅವರ ಲೋಕದಲ್ಲಿ ಸಂಖ್ಯೆ ಕಾಲದೊಂದಿಗೆ ಓಡುತ್ತಿರುತ್ತದೆ ಎಂಬ ಒಂದೇ ಒಂದು ಸುಳ್ಳನ್ನು ಒಪ್ಪಿಕೊಂಡರೆ ಉಳಿದ ಲೆಕ್ಕವೆಲ್ಲ ಪೈಗೆ ಪೈ ಸರಿಯಾಗಿರುತ್ತದೆ.

ಅದೇ ಮರದ ಪೊಟರೆಯಿಂದ ಒಬ್ಬ ಮುದುಕ ಹೊರಬಂದು ಟೇಪಿನಿಂದ ಹುಡುಗನನ್ನು ಅಳೆಯುತ್ತಾನೆ. ಎತ್ತರ ಇಪ್ಪತ್ತಾರು ಇಂಚು, ತೋಳು ಇಪ್ಪತ್ತಾರು, ಎದೆ ಇಪ್ಪತ್ತಾರು, ಕುತ್ತಿಗೆಯೂ ಇಪ್ಪತ್ತಾರು. ನಾನೇನು ಹಂದಿಯೇ ಎಂದು ಹುಡುಗ ರೇಗುತ್ತಾನೆ. ಟೇಪನ್ನು ತೆಗೆದುಕೊಂಡು ನೋಡಿದರೆ ಅದರ ಮೇಲಿನ ಅಂಕಿಗಳೆಲ್ಲ ಅಳಿಸಿಹೋಗಿವೆ. ಓದಲು ಬರುತ್ತಿರುವುದು 26 ಒಂದೇ. ಮುದ್ರಣದ ಮೂಲಚಿತ್ರಗಳಿಗೆ ಪ್ರಮಾಣ ಗೊತ್ತುಮಾಡುವ ಬಗೆಯನ್ನು ಕುರಿತು ಪ್ರಬಂಧ ಬರೆದವರ ಕೈಯಿಂದಲೇ ಈ ಟೇಪು ಹುಟ್ಟಿದೆ. ಅಳೆಯುವ ಸಾಧನ ಕೆಟ್ಟರೆ ಅಳೆದದ್ದೆಲ್ಲ ಒಂದೇ ಆಗುತ್ತದೆ ಎಂಬುದನ್ನು ಪ್ರಯೋಗಾಲಯದಲ್ಲಿ ಕಂಡವರು ಅವರು. ಅದೇ ಮುದುಕ, ನಮ್ಮಲ್ಲಿ ನಲವತ್ತಾದೊಡನೆ ವಯಸ್ಸನ್ನು ಹಿಂದಕ್ಕೆ ತಿರುಗಿಸಿಬಿಡುತ್ತೇವೆ, ಮೂವತ್ತೊಂಬತ್ತು, ಮೂವತ್ತೆಂಟು ಎಂದು ಇಳಿಯುತ್ತಾ ಹತ್ತಕ್ಕೆ ಬಂದ ಮೇಲೆ ಮತ್ತೆ ಏರಲು ಬಿಡುತ್ತೇವೆ ಎನ್ನುತ್ತಾನೆ.

ಕಥೆಯ ಕೊನೆಯ ಭಾಗ ಒಂದು ನ್ಯಾಯಾಲಯ. ಮುಳ್ಳುಹಂದಿ ಮಾನನಷ್ಟ ಮೊಕದ್ದಮೆ ಹೂಡಿದೆ; ಮೊಸಳೆ ಮತ್ತು ನರಿ ವಕೀಲರು; ಗೂಬೆ ನ್ಯಾಯಾಧೀಶ. ಗೂಬೆ ಕಣ್ಣು ಮುಚ್ಚಿ ಕುಳಿತಿದೆ. ನಿದ್ದೆ ಮಾಡುತ್ತಿದೆಯಲ್ಲ ಎಂದರೆ, ಇಲ್ಲ, ಅವರಿಗೆ ಕಣ್ಣಿನ ಬೇನೆ ಎಂಬ ಉತ್ತರ ಬರುತ್ತದೆ. ಬೇರೆ ಅನೇಕ ಜಡ್ಜುಗಳನ್ನು ನೋಡಿದ್ದೇನೆ, ಅವರೆಲ್ಲರಿಗೂ ಕಣ್ಣಿನ ಬೇನೆಯೇ ಎಂದು ಹಿಜಿಬಿಜ್‌ಬಿಜ್ ಎಂಬ ನಗೆಗಾರ ಪ್ರಾಣಿ ಸೇರಿಸುತ್ತದೆ. ಸಾಕ್ಷಿಗಳಿಗೆ ಕಾಸು ಕೊಡಲಾಗುತ್ತದೆ. ಆಮೇಲೆ ಆರೋಪಿಯೇ ಇಲ್ಲವೆಂಬುದು ನೆನಪಾಗಿ ನೇಡಾ ಎಂಬ ಬೋಳುತಲೆಯವನನ್ನು ಹಿಡಿದು ನಿಲ್ಲಿಸುತ್ತಾರೆ. ಸಾಕ್ಷಿಗಳಂತೆ ಆರೋಪಿಗೂ ಕಾಸು ಸಿಗಬಹುದೆಂದು ಆ ಬಡಪಾಯಿ ಆಕ್ಷೇಪಿಸದೆ ನಿಲ್ಲುತ್ತಾನೆ. ತೀರ್ಪು: ಮೂರು ತಿಂಗಳು ಸೆರೆಮನೆ, ಏಳು ದಿನ ಗಲ್ಲು.

ಈಗ ಲೂಯಿಸ್ ಕೆರೊಲ್ ಪ್ರಶ್ನೆಗೆ ಬರೋಣ. ಸುಕುಮಾರರಿಗೆ ಆ ಸಾಹಿತ್ಯದ ಪರಿಚಯ ಚೆನ್ನಾಗಿತ್ತು ಎಂಬುದರಲ್ಲಿ ಅನುಮಾನವಿಲ್ಲ. ನಿದ್ದೆಯಲ್ಲಿ ವಿಚಿತ್ರ ಲೋಕಕ್ಕೆ ಹೋಗುವುದು, ಮಾತಾಡುವ ಪ್ರಾಣಿಗಳು, ಕೊನೆಯಲ್ಲೊಂದು ವಿಚಾರಣೆ, ಆಮೇಲೆ ನಿದ್ದೆಯಿಂದ ಎಚ್ಚರವಾಗುವುದು: 1865ರಲ್ಲಿ ಪ್ರಕಟವಾದ ಆಲಿಸಳ ಕಥೆಯ ಹೊರ ಆಕಾರ ‘ಹ ಯ ವ ರ ಲ’ದಲ್ಲಿಯೂ ಇದೆ. ಆದರೆ ಆಕಾರದ ಒಳಗಿರುವುದನ್ನು ನೋಡಿದರೆ ಅನುಕರಣೆಯ ಮಾತು ನಿಲ್ಲುವುದಿಲ್ಲ. ಆಲಿಸಳ ನ್ಯಾಯಾಲಯ ಇಸ್ಪೀಟೆಲೆಗಳ ಲೋಕಕ್ಕೆ ಸೇರಿದ್ದು. ಸುಕುಮಾರರ ನ್ಯಾಯಾಲಯದಲ್ಲಿರುವುದು ಬ್ರಿಟಿಷರ ಕಾಲದ ಬಂಗಾಳದ ಕಚೇರಿ, ಬಾಡಿಗೆಯ ಸಾಕ್ಷಿ, ವ್ಯಾಜ್ಯದ ಚಟ. ಲೆಕ್ಕದ ಕಾಗೆ ಕಲ್ಕತ್ತೆಯ ಗುಮಾಸ್ತ; ಭಾಷಣ ಬಿಗಿಯುವ ಮೇಕೆ ವ್ಯಾಕರಣ ಶಿಂಗ್, ಹೆಸರಿನ ಮುಂದೆ ಬಿ.ಎ. ಪದವಿ ಹಚ್ಚಿಕೊಂಡ ವಿದ್ಯಾವಂತ. ಇವರ ಹಿಂದೆ ಬಂಗಾಳದ ಹಳ್ಳಿಯ ಶಿಶುಪ್ರಾಸಗಳಿವೆ, ‘ಜಾತ್ರಾ’ ಎಂಬ ಜಾನಪದ ನಾಟಕಗಳಿವೆ, 1892ರಷ್ಟು ಹಿಂದೆಯೇ ‘ಕಂಕಾವತಿ’ ಎಂಬ ಅದ್ಭುತ ವಿನೋದದ ಕಥೆ ಬರೆದ ತ್ರೈಲೋಕ್ಯನಾಥ ಮುಖೋಪಾಧ್ಯಾಯರಿದ್ದಾರೆ. ಮುಕ್ತಾಯವೂ ಬೇರೆಯೇ. ಇಲ್ಲಿ ಹುಡುಗನ ಕಿವಿ ಹಿಂಡಿ ಎಬ್ಬಿಸುವ ಸೋದರಮಾವ, ವ್ಯಾಕರಣ ಕಲಿಯುವ ನೆಪದಲ್ಲಿ ನಿದ್ದೆಯೋ ಎಂದು ಗದರಿಸುತ್ತಾನೆ. ಹುಡುಗ ಹುಡುಕಿದರೆ ಕರವಸ್ತ್ರ ಸಿಗುವುದಿಲ್ಲ. ಬೇಲಿಯ ಮೇಲೊಂದು ಬೆಕ್ಕು ಕುಳಿತಿದೆ. ದೊಡ್ಡವರು ನಂಬುವುದಿಲ್ಲ, ನಿಮಗಿನ್ನೂ ಅಷ್ಟು ವಯಸ್ಸಾಗಿಲ್ಲವೆಂಬ ಭರವಸೆಯಿಂದ ನಿಮಗೆ ಹೇಳಿದ್ದೇನೆ ಎಂದು ಅವನು ಓದುವ ಮಕ್ಕಳ ಕಡೆಗೆ ತಿರುಗುತ್ತಾನೆ. ಕನಸು ಕನಸೆಂದು ತೀರ್ಮಾನವಾಗದೆ, ಮಕ್ಕಳ ವಶದಲ್ಲಿ ಉಳಿಯುತ್ತದೆ.

ಪಾಶ್ಚಾತ್ಯ ಕೃತಿಯೊಂದನ್ನು ಅವರು ನೇರವಾಗಿ ಎದುರಿಗಿಟ್ಟುಕೊಂಡು ಬರೆದದ್ದು ‘ಹೇಶೋರಾಮ್ ಹುಷಿಯಾರೇರ್ ಡಯರಿ’ಯಲ್ಲಿ. ಕಾನನ್ ಡಾಯ್ಲ್ ಅವರ, ಗತಕಾಲದ ಪ್ರಾಣಿಗಳು ಉಳಿದಿರುವ ಪ್ರದೇಶವನ್ನು ಪ್ರೊಫೆಸರೊಬ್ಬ ಶೋಧಿಸುವ 1912ರ ಕಾದಂಬರಿಯ ಅಣಕ ಇದು. ಕಾರಾಕೋರಂ ಸೀಮೆಯಲ್ಲಿ ಸಂಚರಿಸುವ ಹೇಶೋರಾಮರು ಕಂಡ ಪ್ರಾಣಿಗಳಿಗೆ ಲ್ಯಾಟಿನ್ ಬಾಲ ಅಂಟಿಸಿದ ಬಂಗಾಳಿ ಹೆಸರುಗಳಿವೆ: ಸದಾ ಮುಖ ಗಂಟಿಕ್ಕಿಕೊಂಡಿರುವ ಗೋಮ್ರಾಥೇರಿಯಮ್, ತಿಂಡಿಬಾಕ ಹಾಂಗ್ಲಾಥೇರಿಯಮ್, ಕಿರುಚುವ ಚಿಲ್ಲಾನೋಸಾರಸ್, ಪಾಪದ ಪ್ರಾಣಿ ಬೇಚಾರಾಥೇರಿಯಮ್. ಎಂಟನೇ ತರಗತಿಯ ಮಕ್ಕಳಿಗೆ ಇದನ್ನು ಓದಿ ಹೇಳಿ, ತಮ್ಮ ಬೀದಿಯ ಪ್ರಾಣಿಗಳಿಗೆ ಅದೇ ಕ್ರಮದಲ್ಲಿ ಹೆಸರಿಡಲು ಹೇಳಿ ನೋಡಿ.

ಶಾಲೆಯ ಕಥೆಗಳಲ್ಲಿ ಮೊದಲ ಸ್ಥಾನ ‘ಪಾಗ್ಲಾ ದಾಶು’ವಿಗೆ, ಅಂದರೆ ಹುಚ್ಚು ದಾಶುವಿಗೆ ಸೇರಬೇಕು. ಬಂಗಾಳದ ಮಕ್ಕಳು ಅಕ್ಷರ ಕಲಿಯುತ್ತಿದ್ದ ವಿದ್ಯಾಸಾಗರರ ಪುಸ್ತಕದಲ್ಲಿ ಇಬ್ಬರು ಹುಡುಗರಿದ್ದರು: ಹೇಳಿದಂತೆ ಕೇಳುವ ಗೋಪಾಲ, ಹೇಳಿದ್ದನ್ನು ಕೇಳದ ರಾಖಾಲ. ಮಕ್ಕಳ ಸಾಹಿತ್ಯ ಬಹುಕಾಲ ಈ ಇಬ್ಬರ ನಡುವೆಯೇ ಓಡಾಡಿತು. ದಾಶು ಇಬ್ಬರಲ್ಲಿ ಯಾರೂ ಅಲ್ಲ. ಅವನಿಗೆ ನಿಜವಾಗಿ ಬುದ್ಧಿ ಸ್ಥಿಮಿತವಿಲ್ಲವೋ, ಎಲ್ಲರನ್ನೂ ಆಟವಾಡಿಸುತ್ತಿದ್ದಾನೋ ಎಂಬುದು ಸಹಪಾಠಿಗಳಿಗೆ ಕೊನೆಗೂ ಬಗೆಹರಿಯುವುದಿಲ್ಲ. ಒಮ್ಮೆ ಅವನು ಪೆಟ್ಟಿಗೆಯೊಂದನ್ನು ಶಾಲೆಗೆ ತಂದು, ಅದನ್ನು ಬಹಳ ಜೋಪಾನ ಮಾಡುತ್ತಾನೆ. ಬೀಗದ ಕೈಯನ್ನು ಒಬ್ಬ ಹುಡುಗನಿಗೆ ಕೊಟ್ಟು ಹೋಗುತ್ತಾನೆ. ಕುತೂಹಲ ತಡೆಯಲಾರದೆ ಹುಡುಗರು ಪೆಟ್ಟಿಗೆ ತೆರೆದು, ಪದರ ಪದರವಾಗಿ ಸುತ್ತಿದ ಕಾಗದಗಳನ್ನು ಬಿಚ್ಚುತ್ತಾ ಹೋದರೆ ಕೊನೆಗೆ ಸಿಗುವುದು ಒಂದು ಚೀಟಿ. ಒಂದು ಮಗ್ಗುಲಲ್ಲಿ ‘ಬಾಳೆಕಾಯಿ ತಿನ್ನಿ’ ಎಂದಿದೆ. ಬಂಗಾಳಿಯಲ್ಲಿ ಇದು ಬರಿಗೈಯಲ್ಲಿ ಸಾಗಹಾಕುವ ಬೈಗುಳ. ಇನ್ನೊಂದು ಮಗ್ಗುಲಲ್ಲಿ ‘ಅತಿಯಾದ ಕುತೂಹಲ ಒಳ್ಳೆಯದಲ್ಲ’ ಎಂದು ಬರೆದಿದೆ. ನೀತಿಯನ್ನು ಬೋಧಿಸುವವನು ಇಲ್ಲಿ ತರಗತಿಯ ಹುಚ್ಚನೇ. ಇದರಿಂದ ಮಕ್ಕಳ ಕಥೆಯಲ್ಲಿ ನೀತಿವಾಕ್ಯಕ್ಕಿದ್ದ ಜಾಗವೇ ಪಲ್ಲಟವಾಯಿತು.

ಎಲ್ಲ ಕಥೆಗಳೂ ಈ ಎತ್ತರದವಲ್ಲ. ಪತ್ರಿಕೆಯ ಗಡುವಿಗಾಗಿ ಬರೆದ ಕೆಲವು ಕಥೆಗಳು, ಉದಾಹರಣೆಗೆ ಬೂಟುಗಳನ್ನು ಬೇಗ ಬೇಗ ಹರಿದು ಹಾಕುವ ಹುಡುಗನಿಗೆ ಬುದ್ಧಿ ಬರುವ ಕಥೆ, ಹಳೆಯ ನೀತಿಕಥೆಯ ಜಾಡಿನಲ್ಲೇ ನಡೆಯುತ್ತವೆ. ಇನ್ನೂ ದೊಡ್ಡ ಕೊರತೆಯೆಂದರೆ, ಅವರ ಗದ್ಯ ಕಥೆಗಳ ಲೋಕ ಬಹುಮಟ್ಟಿಗೆ ಹುಡುಗರದು. ಕಾದಂಬಿನಿ ಗಂಗೂಲಿಯಂಥವರನ್ನು ದಿನವೂ ಕಂಡ, ಅಕ್ಕತಂಗಿಯರು ಲೇಖಕಿಯರಾಗಿದ್ದ ಮನೆಯಲ್ಲಿ ಬೆಳೆದವರ ಕಥೆಗಳಲ್ಲಿ ದಾಶುವಿಗೆ ಸಾಟಿಯಾಗುವ ಒಬ್ಬ ಹುಡುಗಿಯೂ ಇಲ್ಲವೆಂಬುದು ನನ್ನನ್ನು ಯಾವಾಗಲೂ ಕಾಡುವ ವಿಷಯ. ನಿಮ್ಮ ತರಗತಿಯ ಹೆಣ್ಣುಮಕ್ಕಳು ಇದನ್ನು ಕೇಳಿಯೇ ಕೇಳುತ್ತಾರೆ; ಕೇಳಿದಾಗ ಮುಚ್ಚಿಡದೆ ಒಪ್ಪಿಕೊಳ್ಳುವುದು ಒಳ್ಳೆಯದು.

1921ರ ಮೇ 2ರಂದು ಮಗ ಸತ್ಯಜಿತ್ ಹುಟ್ಟಿದ. ಅದೇ ವರ್ಷ ಸುಕುಮಾರರಿಗೆ ಕಾಲಾ ಅಜಾರ್ ತಗುಲಿತು. ಮರಳುನೊಣ ಹರಡುವ ಈ ಜ್ವರಕ್ಕೆ ಯೂರಿಯಾ ಸ್ಟಿಬಮೈನ್ ಎಂಬ ಔಷಧವನ್ನು ಉಪೇಂದ್ರನಾಥ ಬ್ರಹ್ಮಚಾರಿಯವರು ಅದೇ ಕಲ್ಕತ್ತೆಯಲ್ಲಿ, ಅದೇ ವರ್ಷಗಳಲ್ಲಿ ರೂಪಿಸುತ್ತಿದ್ದರು. ಆದರೆ ಅದು ಇನ್ನೂ ಸಾರ್ವತ್ರಿಕ ಬಳಕೆಗೆ ಬಂದಿರಲಿಲ್ಲ. ಸುಮಾರು ಎರಡೂವರೆ ವರ್ಷ ಹಾಸಿಗೆ ಹಿಡಿದಿದ್ದಾಗಲೇ ಅವರ ಶ್ರೇಷ್ಠ ರಚನೆಗಳಲ್ಲಿ ಹಲವು ಬಂದವು. ‘ಆಬೋಲ್ ತಾಬೋಲ್’ ಎಂಬ ಪದ್ಯಸಂಗ್ರಹದ ಮುಖಚಿತ್ರ, ಒಳಚಿತ್ರ, ಪುಟವಿನ್ಯಾಸಗಳನ್ನು ಅವರು ಹಾಸಿಗೆಯಲ್ಲಿಯೇ ಸಿದ್ಧಪಡಿಸಿದರು. ಆನೆಗೆ ತಿಮಿಂಗಿಲ, ಬಾತುಕೋಳಿಗೆ ಮುಳ್ಳುಹಂದಿ ಕೂಡಿಕೊಂಡು ವ್ಯಾಕರಣದ ಸಂಧಿಯಂತೆ ಒಂದಾಗುವ ಪ್ರಾಣಿಗಳು, ಸಂಜೆ ಆರಕ್ಕೆ ಮುಂಚೆ ಸೀನಬೇಕಾದರೆ ಟಿಕೆಟ್ ಕೊಳ್ಳಬೇಕಾದ ದೇಶ, ತನ್ನ ಮೀಸೆ ಕಳುವಾಯಿತೆಂದು ಕಚೇರಿಯಲ್ಲಿ ಕೂಗಾಡುವ ದೊಡ್ಡ ಬಾಬು, ಎಲ್ಲರೂ ಇರುವುದು ಆ ಪುಸ್ತಕದಲ್ಲಿ. ಅಸಾಧ್ಯವೂ ವಿಚಿತ್ರವೂ ಆದುದೇ ಈ ಪುಸ್ತಕದ ವ್ಯಾಪಾರ, ಇದು ‘ಖೇಯಾಲ್ ರಸ’ದ, ಅಂದರೆ ಮನಸ್ಸಿನ ಲಹರಿಯ ರಸದ, ಪುಸ್ತಕ, ಆ ರಸವನ್ನು ಸವಿಯಲಾರದವರಿಗಾಗಿ ಇದಲ್ಲ ಎಂದು ಅವರು ಮುನ್ನುಡಿಯಲ್ಲಿ ಗಂಭೀರವಾಗಿ ಬರೆದರು. ನವರಸಗಳ ನಾಡಿನಲ್ಲಿ ನಿಂತು ಇನ್ನೊಂದು ರಸಕ್ಕೆ ಹೆಸರಿಟ್ಟು ಅದನ್ನು ಸಾಧಿಸಿ ತೋರಿಸುವುದು ಸಣ್ಣ ಮಾತಲ್ಲ. ಆಗಸ್ಟ್ ಕೊನೆಯಲ್ಲಿ ಠಾಕೂರರು ಬಂದು ಹಾಸಿಗೆಯ ಬಳಿ ಕುಳಿತು, ಅವರು ಬಯಸಿದ ಹಾಡುಗಳನ್ನು ಹಾಡಿದರು. ಪುಸ್ತಕ ಹೊರಬಂದದ್ದು 1923ರ ಸೆಪ್ಟೆಂಬರ್ 19ರಂದು, ಲೇಖಕರು ತೀರಿಕೊಂಡ ಒಂಬತ್ತು ದಿನಗಳ ಮೇಲೆ. ಅದರ ಕೊನೆಯ ಪದ್ಯದಲ್ಲಿ ನಿದ್ದೆ ಕವಿಯುತ್ತಿದೆ, ನನ್ನ ಹಾಡಿನ ಸರದಿ ಮುಗಿಯಿತು ಎಂಬ ಸಾಲುಗಳಿವೆ.

ಕೆಲವೇ ವರ್ಷಗಳಲ್ಲಿ ಮುದ್ರಣ ಸಂಸ್ಥೆ ಮುಳುಗಿತು, ಮನೆ ಕೈಬಿಟ್ಟಿತು, ಸುಪ್ರಭಾ ಅವರು ಮಗುವಿನೊಂದಿಗೆ ಸಹೋದರನ ಮನೆ ಸೇರಿದರು. 1940ರಲ್ಲಿ ‘ಪಾಗ್ಲಾ ದಾಶು’ ಪುಸ್ತಕವಾಗಿ ಬಂದಾಗ ಠಾಕೂರರು ಮುನ್ನುಡಿ ಬರೆದು, ಸುಕುಮಾರರ ಸ್ವಭಾವದಲ್ಲಿ ವಿಜ್ಞಾನ ಸಂಸ್ಕಾರದ ಗಾಂಭೀರ್ಯವಿತ್ತು, ಆದ್ದರಿಂದಲೇ ಅದಕ್ಕೆ ವಿರುದ್ಧವಾದುದನ್ನು ಅಷ್ಟು ಲೀಲೆಯಿಂದ ತೋರಿಸಬಲ್ಲವರಾದರು ಎಂದು ಹೇಳಿದರು. ನಾನು ಇಷ್ಟು ದೀರ್ಘವಾಗಿ ಹೇಳಿದ್ದಕ್ಕೆ ಅದಕ್ಕಿಂತ ದೊಡ್ಡ ಆಧಾರ ಬೇಕಿಲ್ಲ. ನಿಂತುಹೋಗಿದ್ದ ‘ಸಂದೇಶ’ವನ್ನು 1961ರಲ್ಲಿ ಸತ್ಯಜಿತ್ ರಾಯ್ ಅವರು ಕವಿ ಸುಭಾಷ್ ಮುಖೋಪಾಧ್ಯಾಯರೊಂದಿಗೆ ಮತ್ತೆ ಆರಂಭಿಸಿದರು, ನಿಮ್ಮ ಮಕ್ಕಳು ಮೆಚ್ಚಿದ ಫೆಲೂದಾ ಮೊದಲು ಕಾಣಿಸಿಕೊಂಡದ್ದು ಅದೇ ಪತ್ರಿಕೆಯಲ್ಲಿ. 1987ರಲ್ಲಿ, ತಂದೆಯ ನೂರನೆಯ ವರ್ಷಕ್ಕೆ, ಅವರು ಸುಕುಮಾರರನ್ನು ಕುರಿತು ಒಂದು ಸಾಕ್ಷ್ಯಚಿತ್ರವನ್ನೂ ಮಾಡಿದರು.

ನಿಮ್ಮ ತರಗತಿಗೆ ಬಂದರೆ, ಪದ್ಯಗಳನ್ನು ಸದ್ಯಕ್ಕೆ ಬದಿಗಿಟ್ಟು ‘ಅಬಾಕ್ ಜಲಪಾನ್’ ಎಂಬ ಕಿರುನಾಟಕದಿಂದ ಆರಂಭಿಸಿ. ಬಾಯಾರಿದ ದಾರಿಹೋಕನೊಬ್ಬ ನೀರು ಕೇಳುತ್ತಾನೆ. ಎದುರಾದವರೆಲ್ಲ ನೀರೆಂಬ ಮಾತನ್ನು ಹಿಡಿದು ಚರ್ಚೆ, ಕವಿತೆ, ವಿಜ್ಞಾನ ಎಲ್ಲವನ್ನೂ ಕೊಡುತ್ತಾರೆ, ನೀರನ್ನು ಮಾತ್ರ ಕೊಡುವುದಿಲ್ಲ. ಏಳನೇ ತರಗತಿಯವರು ಅದನ್ನು ಆಡಬಲ್ಲರು. ಅನಂತರ ದಾಶುವಿನ ಪೆಟ್ಟಿಗೆಯ ಕಥೆ; ‘ಹ ಯ ವ ರ ಲ’ ಕೊನೆಗೆ, ಎರಡು ಮೂರು ಅವಧಿಗಳಲ್ಲಿ, ಗಟ್ಟಿಯಾಗಿ ಓದುವುದಕ್ಕೆ. ಸುಕುಮಾರರ ಬರಹ, ಚಿತ್ರಗಳ ಮೇಲಿನ ಹಕ್ಕಿನ ಅವಧಿ ಮುಗಿದು ಅವು ಸಾರ್ವಜನಿಕ ಸ್ವತ್ತಾಗಿವೆ. ಬಂಗಾಳಿ ಬಲ್ಲವರ ನೆರವಿನಿಂದ ನಿಮ್ಮ ಶಾಲೆಯ ಮಟ್ಟಿಗೆ ಕನ್ನಡಕ್ಕೆ ತಂದು, ಅವರದೇ ಚಿತ್ರಗಳೊಂದಿಗೆ ಗೋಡೆಪತ್ರಿಕೆಯಲ್ಲಿ ಹಾಕಲು ಯಾರ ಅನುಮತಿಯೂ ಬೇಕಿಲ್ಲ. ಕಾಗೆಯ ಲೆಕ್ಕ ಬಂದಾಗ ಆಣೆ ಪೈಗಳನ್ನು ಪೈಸೆಗೆ ಬದಲಿಸಬೇಡಿ. ಹನ್ನೆರಡು ಮತ್ತು ಹದಿನಾರರ ಕೋಷ್ಟಕವನ್ನು ಹಲಗೆಯ ಮೇಲೆ ಬರೆದು, ಆ ಎರಡು ಮೊತ್ತಗಳನ್ನು ಮಕ್ಕಳೇ ಕೂಡಿ ಕಳೆದು ನೋಡಲಿ.